ಗುಟ್ಕಾ ಅನ್ನವೋ, ಹೊಗೆಸೊಪ್ಪೋ?

ದುಬೈಯ ಕಸ್ಟಮ್ಸ್‌ನವರು ದೇಶದೊಳಗೆ ತರಕೂಡದು ಅಂತ ಮಾಡಿರುವ ಸಾಮಾನುಗಳ ಪಟ್ಟಿಯನ್ನು ಯಾವತ್ತಾದರೂ ಪೂರ್ತಿ ಓದಿದ್ದೀರಾ? ಮಾದಕ ವಸ್ತು, ಖೋಟಾ ನೋಟು, ಜೂಜಿನ ಸಲಕರಣೆ, ಮಾಟಮಂತ್ರಕ್ಕೆ ಬಳಸುವ ಸಾಮಾನು, ಹಳೇ ಟಯರು… ಹೀಗೆ ಸಾಗುವ ಸಾಲಿನಲ್ಲಿ ಪಾನ್ ಪದಾರ್ಥಗಳೂ ಇವೆ, ವೀಳ್ಯದೆಲೆ ಸಹಿತ! ನಮ್ಮ ಕರಾವಳಿಯಲ್ಲಿ ಮದುವೆ ಮಾತುಕತೆಯಿಂದ ಹಿಡಿದು ಭೂತಕೋಲದವರೆಗೆ ಎಲೆಯಡಿಕೆ ಇಲ್ಲದೆ ಯಾವುದೂ ಶುರುವಾಗುವುದಿಲ್ಲ. ಇಲ್ಲಿ ಅದೇ ಎಲೆ ಮಾಟದ ತಾಯಿತದ ಪಕ್ಕದಲ್ಲಿ ಕೂತಿದೆ.

ಇನ್ನೊಂದು ತಮಾಷೆ ನೋಡಿ. ಪರವಾನಗಿ ಇರುವ ಕೆಫೆಯಲ್ಲಿ ಶೀಶಾ, ಅಂದರೆ ನಮ್ಮ ಹುಕ್ಕಾ, ದುಬೈ ಅಬುಧಾಬಿ ಎರಡೂ ಕಡೆ ರಾಜಾರೋಷವಾಗಿ ಗುಡುಗುಡು ಅನ್ನುತ್ತಿರುತ್ತದೆ. ಬೆಂಗಳೂರಿನಲ್ಲಿ 2024ರ ಫೆಬ್ರವರಿಯಿಂದ ಅದು ನಿಷಿದ್ಧ. ಇ-ಸಿಗರೇಟಿನ ಕತೆ ಇನ್ನೂ ಮಜಾ. ಯುಎಇಯಲ್ಲಿ ಅದರ ಮಾರಾಟಕ್ಕೆ ಮೊದಲು ನಿಷೇಧ ಇತ್ತು, 2019ರ ಏಪ್ರಿಲ್‌ನಲ್ಲಿ ಗುಣಮಟ್ಟದ ನಿಯಮ ಹಾಕಿ ಬಿಟ್ಟುಕೊಟ್ಟರು. ಅದೇ ವರ್ಷ ಸೆಪ್ಟೆಂಬರಿನಲ್ಲಿ ಭಾರತ ಸರಕಾರ ಸುಗ್ರೀವಾಜ್ಞೆ ತಂದು ಅದನ್ನು ಪೂರ್ತಿ ನಿಷೇಧಿಸಿತು. ಮೂರು ಮೂರೂವರೆ ಗಂಟೆಯ ವಿಮಾನದ ದಾರಿ, ಇಳಿದ ಕಡೆ ತಂಬಾಕಿನ ಪಾಪಪುಣ್ಯ ಅದಲುಬದಲು.

ಆದರೆ ಎರಡು ಊರಿನ ನಡುವಿನ ದೊಡ್ಡ ವ್ಯತ್ಯಾಸ ಯಾವುದು ನಿಷಿದ್ಧ ಅನ್ನುವುದರಲ್ಲಿಲ್ಲ, ನಿಷೇಧ ಆದ ಮೇಲೆ ಏನಾಗುತ್ತದೆ ಅನ್ನುವುದರಲ್ಲಿದೆ. ಇಲ್ಲಿ 2009ರ 15ನೇ ಫೆಡರಲ್ ಕಾನೂನು ಇದೆ, ಅದರ ನಿಯಮಾವಳಿ 2014ರ ಜನವರಿಯಿಂದ ಜಾರಿಯಾಯಿತು. ಹದಿನೆಂಟು ತುಂಬದವರಿಗೆ ಮಾರುವಂತಿಲ್ಲ, ಹನ್ನೆರಡರ ಒಳಗಿನ ಮಗು ಕಾರಿನಲ್ಲಿದ್ದರೆ ಸಿಗರೇಟು ಹಚ್ಚುವಂತಿಲ್ಲ, ಜಾಹೀರಾತು ಇಲ್ಲ. 2017ರ ಅಕ್ಟೋಬರ್ 1ರಿಂದ ತಂಬಾಕಿನ ಮೇಲೆ ನೂರಕ್ಕೆ ನೂರು ಅಬಕಾರಿ ತೆರಿಗೆ. ಪಾನ್, ನಸ್ವಾರ್ ಮಾರುತ್ತಾ ಸಿಕ್ಕಿಬಿದ್ದರೆ ಬಲದಿಯಾದವರು ದಂಡ ಹಾಕುತ್ತಾರೆ, ಮಾಲು ಎತ್ತಿಕೊಂಡು ಹೋಗುತ್ತಾರೆ. ಕತೆ ಮುಗಿಯಿತು. ಊರಿನಲ್ಲಿ ಹಾಗಲ್ಲ ಮಾರಾಯ್ರೆ! ಅಲ್ಲಿ ನಿಷೇಧದ ಆದೇಶ ಹೊರಬಿದ್ದಲ್ಲಿಗೆ ಕತೆ ಶುರುವಾಗುತ್ತದೆ. ರಿಟ್ ಅರ್ಜಿ, ತಡೆಯಾಜ್ಞೆ, ಮೇಲ್ಮನವಿ, ಮತ್ತೆ ತಡೆಯಾಜ್ಞೆ. ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ನಮ್ಮ ಕೋರ್ಟುಗಳಲ್ಲಿ ಗುಟ್ಕಾದ ಮೊಕದ್ದಮೆಗಳು ಸುತ್ತಿದ್ದು ಒಂದೇ ಪ್ರಶ್ನೆಯ ಸುತ್ತ. ಗುಟ್ಕಾ ಅನ್ನುವುದು ತಿನ್ನುವ ಪದಾರ್ಥವೋ, ತಂಬಾಕೋ?

ನಗಬೇಡಿ. ಕೋಟ್ಯಂತರ ರೂಪಾಯಿಯ ವ್ಯಾಪಾರ, ಲಕ್ಷಾಂತರ ಜನರ ಬಾಯಿ, ನಮ್ಮೂರ ಅಡಿಕೆ ತೋಟ, ಎಲ್ಲವೂ ಈ ಪ್ರಶ್ನೆಗೆ ಗಂಟುಬಿದ್ದಿವೆ.

ಮೊದಲು ಸ್ವಲ್ಪ ಹಳೇ ಕತೆ. ಮೊಘಲರ ಆಸ್ಥಾನಕ್ಕೆ ತಂಬಾಕು ಹೋದದ್ದು ನಮ್ಮ ಬಿಜಾಪುರದಿಂದ ಅನ್ನುವುದು ಎಷ್ಟು ಜನರಿಗೆ ಗೊತ್ತೋ! ಅಕ್ಬರನ ದೂತ ಅಸದ್ ಬೇಗ್ ಆದಿಲ್‌ಶಾಹಿ ರಾಜಧಾನಿಗೆ ಬಂದವನು ಇಲ್ಲಿ ಹೊಗೆಸೊಪ್ಪನ್ನು ಕಂಡು, ಚಂದದ ಕೊಳವೆ ಮಾಡಿಸಿ ಸುಮಾರು 1604-05ರಲ್ಲಿ ಆಗ್ರಾಕ್ಕೆ ಒಯ್ದ. ಅಕ್ಬರ್ ಒಂದೆರಡು ದಮ್ಮು ಎಳೆದು ನೋಡಿದ. ಪಕ್ಕದಲ್ಲಿದ್ದ ಹಕೀಮರು ನಮ್ಮ ಗ್ರಂಥಗಳಲ್ಲಿ ಇಲ್ಲದ ವಸ್ತು ಬೇಡ ಅಂತ ತಡೆದರು, ಅಸದ್ ಬೇಗ್ ವಾದಕ್ಕೆ ನಿಂತ. ತಂಬಾಕಿನ ಪರ ವಿರೋಧ ವಾದ ನಮ್ಮಲ್ಲಿ ಅಲ್ಲಿಂದಲೇ ಶುರು ಅನ್ನಬಹುದು. ಅಕ್ಬರನ ಮಗ ಜಹಾಂಗೀರ್ 1617ರಲ್ಲಿ ಹೊಗೆ ಸೇದಕೂಡದು ಅಂತ ಫರ್ಮಾನು ಹೊರಡಿಸಿದ. ಇತ್ತ ಇರಾನಿನ ಷಾ ಅಬ್ಬಾಸನೂ ನಿಷೇಧ ಹಾಕಿದ್ದ, ಆದರೆ ಜಹಾಂಗೀರನ ರಾಯಭಾರಿ ಖಾನ್ ಆಲಂ ಹೊಗೆ ಬಿಟ್ಟು ಇರಲಾರದವನು ಅಂತ ತಿಳಿದು ಅವನಿಗೆ ಮಾತ್ರ ವಿನಾಯಿತಿ ಕೊಟ್ಟ! ನಿಷೇಧದ ಜೊತೆಗೇ ವಿನಾಯಿತಿ ಹುಟ್ಟುತ್ತದೆ, ನೋಡಿ.

ಆ ಕಾಲದಲ್ಲಿ ಫರ್ಮಾನಿನ ವಿರುದ್ಧ ಹೋಗಲು ಕೋರ್ಟು ಇರಲಿಲ್ಲ. ಸಂವಿಧಾನ ಬಂದ ಮೇಲೆ 19(1)(ಜಿ) ವಿಧಿ ಬಂತು. ಯಾವ ಪ್ರಜೆಯೂ ಯಾವುದೇ ವೃತ್ತಿ, ವ್ಯಾಪಾರ ಮಾಡಬಹುದು, ಸರಕಾರ ಅದಕ್ಕೆ ಸಮಂಜಸವಾದ ನಿರ್ಬಂಧ ಮಾತ್ರ ಹಾಕಬಹುದು. ಹೆಂಡದ ವ್ಯಾಪಾರಕ್ಕೆ ಈ ಹಕ್ಕು ಅನ್ವಯಿಸುವುದಿಲ್ಲ ಅಂತ ಸುಪ್ರೀಂ ಕೋರ್ಟ್ ಖೋಡೆ ಡಿಸ್ಟಿಲರೀಸ್ ವಿರುದ್ಧ ಕರ್ನಾಟಕ ಸರಕಾರ ಮೊಕದ್ದಮೆಯಲ್ಲಿ 1994ರಲ್ಲೇ ಹೇಳಿತ್ತು. ಹಾಗಾದರೆ ತಂಬಾಕಿಗೆ? ಆ ಪ್ರಶ್ನೆ ಗುಟ್ಕಾದವರು ಕೋರ್ಟಿಗೆ ಹೋಗುವವರೆಗೆ ಕಾದಿತ್ತು.

ಗುಟ್ಕಾ ಹಳೇ ವಸ್ತುವೇನಲ್ಲ. 1970ರ ದಶಕದಲ್ಲಿ ಕಾನ್ಪುರದ ಪಾನ್ ಪರಾಗ್‌ನಂಥವು ಪಾನ್ ಮಸಾಲೆಯನ್ನು ಡಬ್ಬಿಗೆ ತುಂಬಿದವು. ಆಮೇಲೆ ಅದಕ್ಕೆ ತಂಬಾಕು ಸೇರಿತು, ಡಬ್ಬಿ ಹೋಗಿ ಸ್ಯಾಶೆ ಬಂತು, ಒಂದೆರಡು ರೂಪಾಯಿಗೆ ಗೂಡಂಗಡಿಯಲ್ಲಿ ಮಾಲೆ ಮಾಲೆಯಾಗಿ ತೂಗಿತು. ಎಲೆಯಡಿಕೆ ಹಾಕಲು ಸಂಚಿ ಬಿಚ್ಚಬೇಕು, ಸುಣ್ಣ ಸವರಬೇಕು, ಅಡಿಕೆ ಕತ್ತರಿಸಬೇಕು. ಇದಕ್ಕೆ ಹಲ್ಲಿನಲ್ಲಿ ಮೂಲೆ ಹರಿದರೆ ಸಾಕು. ಶಾಲೆ ಹುಡುಗರೂ ಶುರುಮಾಡಿದರು. ಬಾಯಿ ತೆರೆಯಲಾಗದ, ಎರಡು ಬೆರಳು ಒಳಗೆ ಹೋಗದ ಇಪ್ಪತ್ತರ ಹುಡುಗರನ್ನು ದಂತವೈದ್ಯರು ನೋಡತೊಡಗಿದರು. ಇತ್ತ ಅದೇ ಕಾಲದಲ್ಲಿ ಟೀವಿಯಲ್ಲಿ ಮಾಣಿಕ್‌ಚಂದ್ ಫಿಲ್ಮ್‌ಫೇರ್ ಪ್ರಶಸ್ತಿ!

2001ರ ನವೆಂಬರಿನಲ್ಲಿ ತಮಿಳುನಾಡು ಗುಟ್ಕಾ ನಿಷೇಧಿಸಿತು. 2002ರ ಆಗಸ್ಟ್ 1ರಿಂದ ಮಹಾರಾಷ್ಟ್ರ ಐದು ವರ್ಷಕ್ಕೆ ನಿಷೇಧ ಹಾಕಿತು. ಎರಡೂ ಹಿಡಿದದ್ದು 1954ರ ಆಹಾರ ಕಲಬೆರಕೆ ತಡೆ ಕಾಯಿದೆಯನ್ನು. ಸಾರ್ವಜನಿಕ ಆರೋಗ್ಯದ ದೃಷ್ಟಿಯಿಂದ ಅಧಿಕಾರಿ ಯಾವುದೇ ಆಹಾರದ ಮಾರಾಟವನ್ನು ತಡೆಯಬಹುದು ಅನ್ನುವ ಒಂದು ಸಾಲು ಅದರ 7ನೇ ಸೆಕ್ಷನ್‌ನಲ್ಲಿ ಇತ್ತು. ಶಾಸನಸಭೆಗೆ ಹೋಗುವ ರಗಳೆ ಇಲ್ಲ, ಚರ್ಚೆ ಇಲ್ಲ, ಅಧಿಕಾರಿಯ ಸಹಿ ಬಿದ್ದರೆ ಆಯ್ತು. ಒಳದಾರಿ.

ಕಂಪನಿಗಳು ಕೋರ್ಟಿಗೆ ಹೋದವು. ಗೋದಾವತ್ ಪಾನ್ ಮಸಾಲಾ ವಿರುದ್ಧ ಭಾರತ ಸರಕಾರ ಅನ್ನುವ ಈ ಮೊಕದ್ದಮೆಯ ತೀರ್ಪು 2004ರ ಆಗಸ್ಟ್ 2ರಂದು ಬಂತು. ನ್ಯಾಯಮೂರ್ತಿ ಬಿ.ಎನ್. ಶ್ರೀಕೃಷ್ಣ ಬರೆದದ್ದು. ಸರಕಾರ ಸೋತಿತು. ಆ ಸೆಕ್ಷನ್ನಿನ ಅಧಿಕಾರ ಇರುವುದು ಎಲ್ಲೋ ಒಂದು ಕಡೆ ತುರ್ತು ಬಂದಾಗ ಸ್ವಲ್ಪ ಕಾಲಕ್ಕೆ ಬಳಸಲು, ಒಂದು ಇಡೀ ಉದ್ಯಮವನ್ನು ವರ್ಷಗಟ್ಟಲೆ ಮುಚ್ಚಲು ಅಲ್ಲ, ಅದು ಬೇಕಿದ್ದರೆ ಕೇಂದ್ರ ಮಾಡಬೇಕು ಅಂತ ಕೋರ್ಟ್ ಹೇಳಿತು. ಜೊತೆಗೆ 2003ರಲ್ಲಿ ಸಂಸತ್ತು ತಂಬಾಕಿಗೇ ಅಂತ ಬೇರೆ ಕಾನೂನು (ಕೋಟ್ಪಾ ಅನ್ನುತ್ತಾರಲ್ಲ, ಅದು) ಮಾಡಿತ್ತು. ಅದರ ಪಟ್ಟಿಯಲ್ಲಿ ಗುಟ್ಕಾದ ಹೆಸರೂ ಇದೆ, ಆದರೆ ನಿಷೇಧ ಇಲ್ಲ. ವಿಶೇಷ ಕಾನೂನು ಬದುಕಲು ಬಿಟ್ಟದ್ದನ್ನು ಸಾಮಾನ್ಯ ಕಾನೂನು ಕೊಲ್ಲುವುದು ಹೇಗೆ? ಹೆಂಡಕ್ಕೆ ಹಾಕಿದ ಮಾನದಂಡ ಇದಕ್ಕೆ ಹೊಂದುವುದಿಲ್ಲ ಅಂತಲೂ ಆಯಿತು.

ಆದರೆ ಅದೇ ತೀರ್ಪಿನಲ್ಲಿ ಇನ್ನೊಂದು ಮಾತೂ ಇದೆ. ಪಾನ್ ಮಸಾಲೆ, ಗುಟ್ಕಾ, ಸುಪಾರಿ ಇವನ್ನು ರುಚಿಗೆ, ಪೋಷಣೆಗೆ ತಿನ್ನುತ್ತಾರೆ, ಆದ್ದರಿಂದ ಅವು ಆಹಾರವೇ! ಪೋಷಣೆ ಅಂತೆ. ಓದಿದಾಗ ನಗುವೋ ಅಳುವೋ ಗೊತ್ತಾಗಲಿಲ್ಲ. ಆಮೇಲಿನ ಇಪ್ಪತ್ತು ವರ್ಷ ಗುಟ್ಕಾ ಕಂಪನಿಯ ವಕೀಲರೂ ಇದೇ ತೀರ್ಪನ್ನು ಎತ್ತಿ ಹಿಡಿದರು, ಸರಕಾರಿ ವಕೀಲರೂ ಇದೇ ತೀರ್ಪನ್ನು ಎತ್ತಿ ಹಿಡಿದರು. ಒಬ್ಬರು ಒಂದು ಪುಟ, ಇನ್ನೊಬ್ಬರು ಇನ್ನೊಂದು ಪುಟ.

ಆ ವರ್ಷದ ಡಿಸೆಂಬರಿನಲ್ಲೇ ಯುರೋಪಿನಲ್ಲಿ ಇಂಥದ್ದೇ ಇನ್ನೊಂದು ಮೊಕದ್ದಮೆ ತೀರ್ಮಾನವಾಯಿತು. ಸ್ವೀಡನ್ನಿನವರು ತುಟಿಯ ಒಳಗೆ ಇಟ್ಟುಕೊಳ್ಳುವ ಸ್ನೂಸ್ ಅನ್ನುವ ತಂಬಾಕನ್ನು ಯುರೋಪಿಯನ್ ಸಮುದಾಯ 1992ರಲ್ಲಿ ನಿಷೇಧಿಸಿತ್ತು. 1995ರಲ್ಲಿ ಒಕ್ಕೂಟ ಸೇರುವಾಗ ಸ್ವೀಡನ್ ತನಗೆ ಮಾತ್ರ ವಿನಾಯಿತಿ ಪಡೆದುಕೊಂಡಿತು (ಖಾನ್ ಆಲಂ ನೆನಪಾದನೇ?). ಸಿಗರೇಟು ಮಾರಬಹುದಾದರೆ ಇದೇಕೆ ಬೇಡ ಅಂತ ಸ್ವೀಡಿಷ್ ಮ್ಯಾಚ್ ಕಂಪನಿ ಕೋರ್ಟಿಗೆ ಹೋಯಿತು. ಯುರೋಪಿನ ನ್ಯಾಯಾಲಯ 2004ರಲ್ಲಿ ನಿಷೇಧವನ್ನು ಎತ್ತಿಹಿಡಿಯಿತು, 2018ರಲ್ಲಿ ಮತ್ತೊಮ್ಮೆ ಎತ್ತಿಹಿಡಿಯಿತು. ನಮ್ಮಲ್ಲಿ ಬಿದ್ದದ್ದು ಅಲ್ಲಿ ನಿಂತಿತು. ಅಲ್ಲಿನ ನಿಷೇಧ ಒಕ್ಕೂಟದ ಕಾನೂನಿನಲ್ಲೇ ಬರೆದದ್ದು. ನಮ್ಮದು ಅಧಿಕಾರಿಯ ಸುತ್ತೋಲೆ. ನನ್ನ ಪ್ರಕಾರ ವ್ಯತ್ಯಾಸದ ಬಹುಪಾಲು ಅಷ್ಟರಲ್ಲೇ ಇದೆ.

ಭಾರತದಲ್ಲಿ ಎರಡನೇ ಸುತ್ತು ಶುರುವಾದದ್ದು ಆಹಾರ ಸುರಕ್ಷತಾ ಕಾಯಿದೆಯಿಂದ. ಕಾಯಿದೆ 2006ರದ್ದು, ಅದರ ಕೆಳಗಿನ ನಿಯಮಗಳು 2011ರ ಆಗಸ್ಟ್‌ನಲ್ಲಿ ಜಾರಿಗೆ ಬಂದವು. ಅದರಲ್ಲಿ 2.3.4 ಅನ್ನುವ ಒಂದು ಪುಟ್ಟ ನಿಯಮ. ಯಾವ ಆಹಾರ ಪದಾರ್ಥದಲ್ಲೂ ತಂಬಾಕು, ನಿಕೋಟಿನ್ ಇರಕೂಡದು. ಇಷ್ಟೇ. ಗುಟ್ಕಾ ಆಹಾರ ಅಂತ ಸುಪ್ರೀಂ ಕೋರ್ಟೇ ಹೇಳಿಯಾಗಿದೆ, ಗುಟ್ಕಾದಲ್ಲಿ ತಂಬಾಕು ಇದೆ, ಹಾಗಾಗಿ ಗುಟ್ಕಾ ನಿಷಿದ್ಧ! ಕಂಪನಿಗಳು ಗೆದ್ದ ತೀರ್ಪನ್ನೇ ಅವರ ಕುತ್ತಿಗೆಗೆ ಕಟ್ಟಿದ ಹಾಗಾಯಿತು. 2012ರ ಏಪ್ರಿಲ್ 1ರಂದು ಮಧ್ಯಪ್ರದೇಶ ಮೊದಲು ಹೊರಟಿತು, ಮೇಯಲ್ಲಿ ಕೇರಳ, ಬಿಹಾರ, ಜುಲೈಯಲ್ಲಿ ಮಹಾರಾಷ್ಟ್ರ. ಈ ಸಲವೂ ಕಂಪನಿಗಳು ಹೈಕೋರ್ಟುಗಳಿಗೆ ಓಡಿದವು, ಈ ಸಲ ಕೇರಳ, ಪಾಟ್ನಾ, ಮುಂಬೈ ಎಲ್ಲೂ ಬೇಳೆ ಬೇಯಲಿಲ್ಲ.

ಕರ್ನಾಟಕ ಮಾತ್ರ ಸುಮ್ಮನಿತ್ತು. ಕಾರಣ ಹೇಳಬೇಕಾಗಿಲ್ಲ, ದೇಶದಲ್ಲಿ ಅತಿ ಹೆಚ್ಚು ಅಡಿಕೆ ಬೆಳೆಯುವುದು ನಾವೇ. ಸುಮಾರು ಒಂದು ವರ್ಷ ತಲಪಾಡಿ ಗೇಟಿನ ಆಚೆ ಮಂಜೇಶ್ವರದಲ್ಲಿ ಗುಟ್ಕಾ ಅಪರಾಧ, ಈಚೆ ಮಂಗಳೂರಿನಲ್ಲಿ ಅಂಗಡಿ ತುಂಬ ಮಾಲೆ. ಆ ಒಂದು ವರ್ಷದಲ್ಲಿ ಗಡಿ ದಾಟಿದ ಸ್ಯಾಶೆಗಳ ಲೆಕ್ಕ ಇಟ್ಟವರು ಯಾರು! ಕೊನೆಗೆ ಸಿದ್ದರಾಮಯ್ಯನವರ ಹೊಸ ಸರಕಾರ ಬಂದ ತಿಂಗಳೊಳಗೆ, 2013ರ ಮೇ ಕೊನೆಗೆ, ವಿಶ್ವ ತಂಬಾಕು ರಹಿತ ದಿನದ ಹೊತ್ತಿಗೆ ಆದೇಶ ಬಂತು. ಆರೋಗ್ಯ ಮಂತ್ರಿ ಯು.ಟಿ. ಖಾದರ್, ಅಡಿಕೆ ಸೀಮೆಯವರೇ.

ಮಲೆನಾಡು ಕುದಿಯಿತು. ಅದರಲ್ಲಿ ಆಶ್ಚರ್ಯ ಇಲ್ಲ. ನಮ್ಮ ಕರಾವಳಿಯ ಚಾಲಿ ಅಡಿಕೆ, ಅಂದರೆ ಬಿಸಿಲಲ್ಲಿ ಒಣಗಿಸಿದ ಬಿಳಿ ಅಡಿಕೆ, ಬಹುಪಾಲು ಗುಜರಾತು ಮುಂತಾದ ಕಡೆ ಸುಪಾರಿಗೆ ಹೋಗುತ್ತದೆ. ತೀರ್ಥಹಳ್ಳಿ, ಸಾಗರ, ಚನ್ನಗಿರಿಯ ಬೇಯಿಸಿದ ಕೆಂಪಡಿಕೆಯ ದೊಡ್ಡ ಗಿರಾಕಿ ಪಾನ್ ಮಸಾಲೆ, ಗುಟ್ಕಾದ ಕಾರ್ಖಾನೆ. ತಂಬಾಕಿಗೆ ಹಾಕಿದ ಏಟು ಅಡಿಕೆಗೆ ಯಾಕೆ ಅನ್ನುವುದು ಬೆಳೆಗಾರರ ಕೂಗು. ಕೊಲ್ಲಿಯಲ್ಲಿ ದುಡಿದ ದುಡ್ಡಲ್ಲಿ ಊರಲ್ಲಿ ನಾಲ್ಕು ಎಕರೆ ತೋಟ ಎಬ್ಬಿಸಿದವರು ನಮ್ಮಲ್ಲಿ ಬೇಕಾದಷ್ಟು ಜನ ಇದ್ದಾರೆ, ಆ ವಾರ ಕರಾಮದ ಹೋಟೆಲಲ್ಲಿ ಮಸಾಲೆ ದೋಸೆಗಿಂತ ಅಡಿಕೆ ರೇಟಿನ ಮಾತೇ ಜಾಸ್ತಿ.

ಆದರೆ ಆದದ್ದೇನು? ಮರುವರ್ಷ, 2014ರಲ್ಲಿ, ಕೆಂಪಡಿಕೆಯ ದರ ಹಿಂದೆಂದೂ ಕಾಣದ ಎತ್ತರಕ್ಕೆ ಏರಿತು! ಬೆಲೆ ಏರಲು ನೂರೆಂಟು ಕಾರಣ ಇರಬಹುದು, ಆದರೆ ಗುಟ್ಕಾ ನಿಂತಿದ್ದರೆ ಹಾಗಾಗುತ್ತಿರಲಿಲ್ಲ. ಗುಟ್ಕಾ ನಿಂತಿರಲಿಲ್ಲ, ಎರಡು ತುಂಡಾಗಿತ್ತು ಅಷ್ಟೆ. ಒಂದು ಸ್ಯಾಶೆಯಲ್ಲಿ ತಂಬಾಕಿಲ್ಲದ ಪಾನ್ ಮಸಾಲೆ, ಅದು ಆಹಾರ, ಆಹಾರದ ಕಾನೂನಿಗೆ ಸರಿ. ಪಕ್ಕದ ಸ್ಯಾಶೆಯಲ್ಲಿ ಸುವಾಸನೆಯ ಜಗಿಯುವ ತಂಬಾಕು, ಅದು ತಂಬಾಕು, ತಂಬಾಕಿನ ಕಾನೂನಿಗೆ ಸರಿ. ಎರಡನ್ನೂ ಒಟ್ಟಿಗೆ ಕೊಟ್ಟು ಅಂಗಡಿಯವನು ಕೈಮುಗಿದ. ಅಂಗೈಯಲ್ಲಿ ಬೆರೆಸುವ ಕೆಲಸ ಗಿರಾಕಿಯದ್ದು. ಕಾನೂನಿನ ಎರಡು ಪುಸ್ತಕಗಳ ನಡುವೆ ಇದ್ದ ಸಂದಿಯನ್ನು ಇಷ್ಟು ಚೊಕ್ಕವಾಗಿ ತೋರಿಸಿಕೊಟ್ಟ ಪಂಡಿತರು ಯಾರೂ ಇಲ್ಲ.

ಇದು ಸುಪ್ರೀಂ ಕೋರ್ಟಿನ ಕಣ್ಣಿಗೂ ಬಿತ್ತು. ಕೋರ್ಟಿನ ಮುಂದೆ ಗುಟ್ಕಾದ ಎರಡು ದೊಡ್ಡ ಕಡತ ಇದ್ದವು. ಒಂದು ರಾಜಸ್ಥಾನದಿಂದ ಬಂದ ಅಂಕುರ್ ಗುಟ್ಕಾ ಮೊಕದ್ದಮೆ. 2010ರ ಡಿಸೆಂಬರಿನಲ್ಲಿ ಗುಟ್ಕಾಕ್ಕೆ ಪ್ಲಾಸ್ಟಿಕ್ ಸ್ಯಾಶೆ ಬಳಸಕೂಡದು ಅಂತ ಆದೇಶ ಆದದ್ದು ಇದರಲ್ಲೇ. ಇನ್ನೊಂದರ ಹೆಸರು ಸೆಂಟ್ರಲ್ ಅರೆಕಾನಟ್ ಮಾರ್ಕೆಟಿಂಗ್ ಕಾರ್ಪೊರೇಷನ್ ವಿರುದ್ಧ ಭಾರತ ಸರಕಾರ. ಹೆಸರಿನಲ್ಲೇ ಅಡಿಕೆ. 2016ರ ಸೆಪ್ಟೆಂಬರ್ 23ರಂದು ಈ ಎರಡನೆಯದರಲ್ಲಿ ಕೋರ್ಟು ಜೋಡಿ ಸ್ಯಾಶೆಯ ಉಪಾಯವನ್ನು ಹೆಸರು ಹಿಡಿದು ಹೇಳಿ, 2.3.4 ನಿಯಮವನ್ನು ಕಟ್ಟುನಿಟ್ಟಾಗಿ ಪಾಲಿಸಿ ಅಂತ ರಾಜ್ಯಗಳಿಗೆ ಆದೇಶಿಸಿತು.

ಇಷ್ಟಾದರೂ ಮುಗಿಯಲಿಲ್ಲ. ಹೊಸ ಕಾಯಿದೆಯ 30ನೇ ಸೆಕ್ಷನ್ ಪ್ರಕಾರ ಆಹಾರ ಸುರಕ್ಷತಾ ಆಯುಕ್ತರು ನಿಷೇಧ ಹಾಕಬಹುದಾದದ್ದು ಹೆಚ್ಚೆಂದರೆ ಒಂದು ವರ್ಷಕ್ಕೆ. ರಾಜ್ಯಗಳು ಏನು ಮಾಡಿದವು? ವರ್ಷಾವಧಿ ಜಾತ್ರೆಯ ಹಾಗೆ ಪ್ರತಿ ವರ್ಷ ಹೊಸ ಆದೇಶ. ಕಂಪನಿಗಳು ಹಿಡಿದದ್ದು ಇದನ್ನೇ. ಒಂದು ವರ್ಷದ ಅಧಿಕಾರವನ್ನು ಹತ್ತು ಸಲ ಬಳಸಿದರೆ ಅದು ಹತ್ತು ವರ್ಷದ ನಿಷೇಧ ಆಗಲಿಲ್ಲವೇ? ವಾದ ತೆಗೆದುಹಾಕುವಂಥದ್ದಲ್ಲ, ಒಪ್ಪಲೇಬೇಕು. 2022ರ ಸೆಪ್ಟೆಂಬರಿನಲ್ಲಿ ದೆಹಲಿ ಹೈಕೋರ್ಟಿನ ಏಕಸದಸ್ಯ ಪೀಠ ಇದನ್ನು ಒಪ್ಪಿ 2015ರಿಂದ ಬಂದ ಆದೇಶಗಳನ್ನೆಲ್ಲ ರದ್ದು ಮಾಡಿತು. 2023ರ ಜನವರಿಯಲ್ಲಿ ಮದ್ರಾಸ್ ಹೈಕೋರ್ಟಿನ ಮದುರೈ ಪೀಠವೂ ತಮಿಳುನಾಡಿನ ಆದೇಶವನ್ನು ರದ್ದು ಮಾಡಿತು. ಆ ವರ್ಷದ ಏಪ್ರಿಲ್‌ನಲ್ಲಿ ಎರಡೂ ತಿರುಗಿಬಿದ್ದವು. ದೆಹಲಿಯ ವಿಭಾಗೀಯ ಪೀಠ ನಿಷೇಧ ಸರಿ ಅಂದಿತು, ಮದ್ರಾಸಿನ ತೀರ್ಪಿಗೆ ಸುಪ್ರೀಂ ಕೋರ್ಟ್ ತಡೆ ಕೊಟ್ಟಿತು. ತಡೆ ಕೊಟ್ಟ ಇಬ್ಬರಲ್ಲಿ ನಮ್ಮ ಬಿ.ವಿ. ನಾಗರತ್ನ ಒಬ್ಬರು. ಸಿಗರೇಟು ಪ್ಯಾಕಿನ ಮೇಲೆ 85 ಶೇಕಡಾ ಎಚ್ಚರಿಕೆ ಚಿತ್ರ ಹಾಕಬೇಕೆಂಬ ನಿಯಮವನ್ನು 2017ರ ಡಿಸೆಂಬರಿನಲ್ಲಿ ರದ್ದು ಮಾಡಿದ ಕರ್ನಾಟಕ ಹೈಕೋರ್ಟಿನ ಪೀಠದಲ್ಲೂ ಅವರಿದ್ದರು. ಮೂರೇ ವಾರದಲ್ಲಿ ಸುಪ್ರೀಂ ಕೋರ್ಟ್ ಆ ತೀರ್ಪಿಗೂ ತಡೆ ಕೊಟ್ಟಿತ್ತು ಅನ್ನಿ. ಒಂದೇ ನ್ಯಾಯಾಧೀಶರು ಒಂದು ಸಲ ಆ ಕಡೆ, ಒಂದು ಸಲ ಈ ಕಡೆ ಅಂತ ದೂರುವವರಿದ್ದಾರೆ. ನನಗೆ ಹಾಗನ್ನಿಸುವುದಿಲ್ಲ. ಎರಡೂ ಕಡೆ ಕೇಳಿದ್ದು ತಂಬಾಕು ಒಳ್ಳೆಯದೋ ಕೆಟ್ಟದ್ದೋ ಅಂತಲ್ಲ, ಸರಕಾರ ಯಾವ ಬಾಗಿಲಿಂದ ಒಳಬಂತು ಅಂತ.

ಈಗ ಇ-ಸಿಗರೇಟಿಗೆ ವಾಪಸು ಬನ್ನಿ. 2016-17ರ ರಾಷ್ಟ್ರೀಯ ತಂಬಾಕು ಸಮೀಕ್ಷೆಯ ಪ್ರಕಾರ ಭಾರತದ ವಯಸ್ಕರಲ್ಲಿ 21.4 ಶೇಕಡಾ ಜನ ಹೊಗೆರಹಿತ ತಂಬಾಕು ಬಳಸುತ್ತಿದ್ದರು, ಬೀಡಿ ಸಿಗರೇಟು ಸೇದುವವರ ಎರಡರಷ್ಟು. ಇ-ಸಿಗರೇಟಿನವರು 0.02 ಶೇಕಡಾ. ಆ 0.02ಕ್ಕೆ 2019ರಲ್ಲಿ ಸಂಸತ್ತು ಇಡೀ ಒಂದು ಕಾಯಿದೆ ಮಾಡಿತು. ತಯಾರಿಕೆ, ಆಮದು, ಮಾರಾಟ, ಜಾಹೀರಾತು, ಎಲ್ಲಕ್ಕೂ ಬೀಗ, ವರ್ಷಾ ವರ್ಷಾ ನವೀಕರಿಸುವ ರಗಳೆ ಇಲ್ಲ. 21.4 ಶೇಕಡಾ ಜನರ ಬಾಯಿಗೆ ಮಾತ್ರ ಆಹಾರ ಇಲಾಖೆಯ ಒಂದು ವರ್ಷದ ಚೀಟಿ. ಇ-ಸಿಗರೇಟಿಗೆ ತೋಟ ಇಲ್ಲ, ಮಂಡಿ ಇಲ್ಲ, ಮತಕ್ಷೇತ್ರ ಇಲ್ಲ. ಗುಟ್ಕಾಕ್ಕೆ ಅಡಿಕೆಯೂ ಇದೆ, ತಂಬಾಕೂ ಇದೆ, ಇಬ್ಬರು ರೈತರ ಹೆಗಲ ಮೇಲೆ ಕಂಪನಿ ಕೂತಿದೆ. ಸಂಸತ್ತಿನಲ್ಲಿ ಕೈ ಎತ್ತುವ ಧೈರ್ಯ ಯಾರಿಗಿದೆ? ಅದಕ್ಕೇ ಅಧಿಕಾರಿಯ ಸಹಿ, ಅದಕ್ಕೇ ಕಂಪನಿಗೆ ಕೋರ್ಟಿನಲ್ಲಿ ಪ್ರತಿ ಸಲ ಒಂದು ಸಂದಿ.

ಅಡಿಕೆಯ ಮಾತು ಬಂದದ್ದಕ್ಕೆ ಇನ್ನೊಂದು ವಿಷಯ ಹೇಳಲೇಬೇಕು, ಊರಿನವರು ಬೈದರೂ ಸರಿ. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2004ರಲ್ಲಿ ಪ್ರಕಟಿಸಿದ ತನ್ನ 85ನೇ ಸಂಪುಟದಲ್ಲಿ ತಂಬಾಕಿಲ್ಲದ ಬರೀ ಅಡಿಕೆಯನ್ನೂ ಮನುಷ್ಯರಿಗೆ ಕ್ಯಾನ್ಸರ್ ತರುವ ವಸ್ತುಗಳ ಮೊದಲ ಗುಂಪಿಗೆ ಹಾಕಿತು. ಬಾಯಿ ತೆರೆಯಲಾಗದ ಆ ಕಾಯಿಲೆಗೆ ಮುಖ್ಯ ಕಾರಣವೂ ಅಡಿಕೆಯೇ ಅನ್ನುತ್ತಾರೆ ವೈದ್ಯರು. ನಮ್ಮಲ್ಲಿ ಇದನ್ನು ಹೇಳಿದರೆ ಅಜ್ಜ ಎಂಬತ್ತೈದರವರೆಗೆ ಎಲೆಯಡಿಕೆ ಹಾಕಿದರು ಅನ್ನುತ್ತಾರೆ. ನನ್ನ ಅಜ್ಜನೂ ಹಾಕುತ್ತಿದ್ದರು. ಆದರೆ ಗುಟ್ಕಾ ಮೊಕದ್ದಮೆಗಳು ತಂಬಾಕಿನ ಸುತ್ತಲೇ ಸುತ್ತಿದ್ದರಿಂದ ಜೋಡಿ ಸ್ಯಾಶೆಯ ಮೊದಲ ಅರ್ಧದ ಮಾತು ಎಲ್ಲೂ ಗಟ್ಟಿಯಾಗಿ ಬರಲಿಲ್ಲ. ತಂಬಾಕಿಲ್ಲದ ಪಾನ್ ಮಸಾಲೆ ಆಹಾರವಾಗಿ, ಸಿನಿಮಾ ನಟರ ಜಾಹೀರಾತಿನ ಜೊತೆ, ಆರಾಮಾಗಿ ಉಳಿಯಿತು.

ಒಳದಾರಿ ಬಿಟ್ಟು ಹೆದ್ದಾರಿ ಹಿಡಿದ ಉದಾಹರಣೆಯೂ ಕರ್ನಾಟಕದಲ್ಲೇ ಇದೆ, ಹುಕ್ಕಾದ್ದು. 2024ರ ಫೆಬ್ರವರಿ 7ರಂದು ಅಧಿಸೂಚನೆ ಬಂತು. ಕೋಟ್ಪಾ ಪ್ರಕಾರ ಮೂವತ್ತು ಆಸನದ ಹೋಟೆಲಲ್ಲಿ ಧೂಮಪಾನಕ್ಕೆ ಪ್ರತ್ಯೇಕ ಜಾಗ ಇರಬಹುದಲ್ಲ, ಕೇಂದ್ರದ ಕಾನೂನು ಬಿಟ್ಟದ್ದನ್ನು ರಾಜ್ಯ ಹೇಗೆ ಮುಚ್ಚುತ್ತದೆ ಅಂತ ಹುಕ್ಕಾ ಬಾರಿನವರು ಹೈಕೋರ್ಟಿಗೆ ಹೋದರು, ಥೇಟ್ 2004ರ ವಾದ. ಏಪ್ರಿಲ್ 22ರಂದು ನ್ಯಾಯಮೂರ್ತಿ ಎಂ. ನಾಗಪ್ರಸನ್ನ ಅರ್ಜಿ ವಜಾ ಮಾಡಿದರು. ಸರಕಾರ ಅಷ್ಟಕ್ಕೇ ಕೂರಲಿಲ್ಲ. ವಿಧಾನಮಂಡಲದಲ್ಲಿ ಕೋಟ್ಪಾಕ್ಕೆ ರಾಜ್ಯದ ತಿದ್ದುಪಡಿ ಪಾಸು ಮಾಡಿಸಿ, ರಾಷ್ಟ್ರಪತಿಗಳ ಅಂಕಿತ ಪಡೆದು, 2025ರ ಮೇಯಲ್ಲಿ ಗೆಜೆಟ್‌ನಲ್ಲಿ ಹಾಕಿತು. ಹುಕ್ಕಾ ಬಾರ್ ನಡೆಸಿದರೆ ಒಂದರಿಂದ ಮೂರು ವರ್ಷ ಜೈಲು, ತಂಬಾಕು ಕೊಳ್ಳುವ ವಯಸ್ಸು ಹದಿನೆಂಟರಿಂದ ಇಪ್ಪತ್ತೊಂದಕ್ಕೆ. ಆ ತಿದ್ದುಪಡಿಯಲ್ಲಿ ಹುಕ್ಕಾ ಬಾರಿಗೇ ಅಂತ ಪ್ರತ್ಯೇಕ ಸೆಕ್ಷನ್ ಇದೆ. ಗುಟ್ಕಾವನ್ನು ಮುಚ್ಚುವ ಸೆಕ್ಷನ್ ಅದರಲ್ಲೂ ಇಲ್ಲ.